ಹಂಗೇರಿಯ ಮೂಕಸಂಸಾರ ಲಕ್ಷಣ

ಸಂಸಾರದಲ್ಲಿ ಹದಿನಾರಾಣೆಗೆ ಹದಿನೈದಾಣೆ ಮಾತು. ಉಳಿದ ಒಂದಾಣೆಯಲ್ಲಿ ಅಡಿಗೆ, ಬಾಡಿಗೆ, ಬಾಣಂತನ, ಸಾಲಸೋಲ ಎಲ್ಲವೂ ಮುಗಿಯಬೇಕು. ಹೀಗಿರುವಾಗ ಮಾತನ್ನೇ ಬದಿಗಿಟ್ಟು ಸಂಸಾರವನ್ನು ಪರದೆಯ ಮೇಲೆ ತೋರಿಸುತ್ತೇವೆಂದು ಹೊರಟವರ ಎದೆಗಾರಿಕೆಯನ್ನು ಶಾಸ್ತ್ರಕಾರರು ಯಾರೂ ಗಮನಿಸಲಿಲ್ಲ. ನಾಯಿಕೆಯರನ್ನು ವಯಸ್ಸು, ಮುನಿಸು, ವಿರಹಗಳ ಲೆಕ್ಕದಲ್ಲಿ ಗೂಡುಗೂಡಿಗೆ ಹಾಕಿದ ನಮ್ಮ ಆಲಂಕಾರಿಕರು 1912ರಿಂದ 1919ರವರೆಗಿನ ಹಂಗೇರಿಯ ಮೂಕಚಿತ್ರಗಳನ್ನು ಬಿಟ್ಟದ್ದಕ್ಕೆ ಕಾರಣವುಂಟು. ಅವರು ಸಿನಿಮಾ ಬರುವ ಎಷ್ಟೋ ಮುಂಚೆ ತೀರಿಕೊಂಡಿದ್ದರು. ಆಮೇಲಿನವರಿಗೆ ಆ ಸಬೂಬೂ ಇಲ್ಲ. ಆದಕಾರಣ ಈ ಲಕ್ಷಣಗ್ರಂಥ.

ಗ್ರಂಥಾರಂಭದಲ್ಲಿ ಅನುಬಂಧ ಚತುಷ್ಟಯ ಹೇಳುವುದು ಪದ್ಧತಿ. ವಿಷಯ ಆಗಲೇ ಗೊತ್ತಾಯಿತು. ಇದನ್ನು ಓದಲು ಅಧಿಕಾರಿ ಯಾರೆಂದರೆ, ಒಂದು ಗಂಟೆ ಬಾಯಿ ಮುಚ್ಚಿಕೊಂಡು ಕೂರಬಲ್ಲವರು. ಸಂಸಾರಸ್ಥರಲ್ಲಿ ಇಂಥವರು ವಿರಳ. ಗ್ರಂಥಕ್ಕೂ ವಿಷಯಕ್ಕೂ ಇರುವ ಸಂಬಂಧ ದೂರದ್ದು, ಬುಡಾಪೆಸ್ಟಿಗೂ ಬೆಂಗಳೂರಿಗೂ ಇರುವಷ್ಟು. ಪ್ರಯೋಜನವೇನು ಎಂದು ಕೇಳಬಾರದು. ಇದಕ್ಕಿಂತ ಕಡಿಮೆ ಪ್ರಯೋಜನಕ್ಕೆ ಇದಕ್ಕಿಂತ ದಪ್ಪ ಗ್ರಂಥಗಳು ಬಂದಿವೆ.

ಇನ್ನು ಪ್ರಮಾಣ ವಿಚಾರ. 1896ರ ಮೇ ತಿಂಗಳಲ್ಲಿ, ಅಂದರೆ ಮುಂಬೈಯ ವಾಟ್ಸನ್ ಹೋಟೆಲಿಗಿಂತ ಎರಡು ತಿಂಗಳು ಮೊದಲು, ಬುಡಾಪೆಸ್ಟಿನ ರಾಯಲ್ ಹೋಟೆಲಿನಲ್ಲಿ ಲ್ಯುಮಿಯೇರ್ ಸೋದರರ ಚಿತ್ರಗಳು ಓಡಿದವು. 1901ರಲ್ಲಿ ಉರಾನಿಯಾ ಎಂಬ ವಿಜ್ಞಾನ ರಂಗಮಂದಿರದ ತಾರಸಿಯ ಮೇಲೆ ಬೇಲಾ ಜಿತ್ಕೋವ್‌ಸ್ಕಿ ಎಂಬಾತ ‘ನೃತ್ಯ’ ಎಂಬ ಚಿತ್ರ ತೆಗೆದ. ಅದನ್ನು ತೆಗೆದದ್ದು ನೃತ್ಯದ ಬಗ್ಗೆ ಒಬ್ಬರು ಮಾಡುವ ಉಪನ್ಯಾಸಕ್ಕೆ ನಿದರ್ಶನವಾಗಲಿ ಎಂದು. ಹಂಗೇರಿಯ ಸಿನಿಮಾ ಹುಟ್ಟಿದ್ದೇ ಉಪನ್ಯಾಸಕ್ಕೆ ಅಡಿಟಿಪ್ಪಣಿಯಾಗಿ ಎಂಬುದನ್ನು, ಸಿನಿಮಾಕ್ಕೆ ಶಾಸ್ತ್ರವೇಕೆ ಎಂದು ಮೂಗು ಮುರಿಯುವವರು ನೆನಪಿಡಬೇಕು. ಮುಂದೆ ಕಾಫಿ ಹೌಸಿನಲ್ಲಿ ಗಿರಾಕಿಗಳಿಗೆ ಚಿತ್ರ ತೋರಿಸುತ್ತಿದ್ದ ಮೋರ್ ಉಂಗರ್‌ಲೈಡರ್ 1908ರಲ್ಲಿ ಪಾಲುದಾರನೊಬ್ಬನ ಜೊತೆ ಸೇರಿ ಪ್ರೊಜೆಕ್ಟೊಗ್ರಾಫ್ ಎಂಬ ಕಂಪನಿ ಕಟ್ಟಿದ. ಆ ಕಂಪನಿಯಿಂದ 1912ರ ಅಕ್ಟೋಬರ್ 14ರಂದು ‘ಇಂದು ಮತ್ತು ನಾಳೆ’ ತೆರೆಗೆ ಬಂತು. ಅದು ಹಂಗೇರಿಯ ಮೊದಲ ಕಥಾಚಿತ್ರ ಎಂಬ ಪ್ರತೀತಿ ಇದೆ. ಅದರಲ್ಲಿ ನಟಿಸಿದ ಮಿಹಾಯ್ ಕೆರ್ಟೇಸ್ ಎಂಬ ಯುವಕನೇ ನಿರ್ದೇಶಕನೂ ಆಗಿದ್ದ ಎನ್ನುತ್ತಾರೆ. ಇವನು ಮುಂದೆ ಹಾಲಿವುಡ್ಡಿನಲ್ಲಿ ಮೈಕೆಲ್ ಕರ್ಟಿಜ್ ಆಗಿ ‘ಕಾಸಾಬ್ಲಾಂಕಾ’ ಮಾಡಿದ.

‘ಇಂದು ಮತ್ತು ನಾಳೆ’ ಈಗ ಇಲ್ಲ. ಒಂದೇ ಒಂದು ಪ್ರತಿಯೂ ಇಲ್ಲ. ಮೂಕಯುಗದಲ್ಲಿ ಹಂಗೇರಿಯಲ್ಲಿ ತಯಾರಾದ ಸುಮಾರು 600 ಚಿತ್ರಗಳಲ್ಲಿ ಹೆಚ್ಚುಕಡಿಮೆ ಹತ್ತನೇ ಒಂದು ಪಾಲು ಮಾತ್ರ ಉಳಿದಿದೆ, ಅದರಲ್ಲೂ ಕೆಲವು ತುಂಡು ತುಂಡು. ಕಾರಣ ನೈಟ್ರೇಟ್ ಫಿಲ್ಮು. ಅದು ತಾನಾಗಿ ಕೊಳೆಯುತ್ತದೆ, ಬಿಸಿ ಹೆಚ್ಚಾದರೆ ಹೊತ್ತಿಕೊಳ್ಳುತ್ತದೆ. ಅದರ ಜೊತೆಗೆ ಓಡಿ ಮುಗಿದ ಚಿತ್ರವನ್ನು ಇಟ್ಟುಕೊಂಡು ಏನು ಮಾಡುವುದು ಎಂಬ ವ್ಯಾಪಾರಿಗಳ ಸಹಜ ಬುದ್ಧಿ. ಹೀಗಾಗಿ ಪ್ರತ್ಯಕ್ಷ ಪ್ರಮಾಣ ನಮಗೆ ಅಲ್ಪ. ಜಾಹೀರಾತು, ಪೋಸ್ಟರು, ಪತ್ರಿಕೆಯ ವರದಿಗಳೆಂಬ ಶಬ್ದಪ್ರಮಾಣ ತಕ್ಕಷ್ಟಿದೆ. ಆದರೆ ಪ್ರಮಾಣಗಳಲ್ಲಿ ಕೊನೆಯದೆಂದು ಕೆಲವರು ಒಪ್ಪುವ, ಕೆಲವರು ಒಪ್ಪದ ಅನುಪಲಬ್ಧಿ, ಅಂದರೆ ವಸ್ತು ಅಲ್ಲಿಲ್ಲ ಎಂಬುದರ ಅರಿವು, ಈ ಶಾಸ್ತ್ರದಲ್ಲಿ ಮೊದಲನೆಯ ಪೀಠದಲ್ಲಿ ಕೂತಿದೆ. ಮೀಮಾಂಸಕರು ‘ಇಲ್ಲಿ ಗಡಿಗೆ ಇಲ್ಲ’ ಎಂದು ಉದಾಹರಣೆ ಕೊಡುತ್ತಿದ್ದರು. ಇಲ್ಲಿ ಒಂಬತ್ತು ಪಾಲು ಗಡಿಗೆಗಳು ಇಲ್ಲ.

ಆದ್ದರಿಂದ ಸಂಖ್ಯೆಯಲ್ಲಿ ಅತಿ ದೊಡ್ಡದಾದ ವರ್ಗವನ್ನೇ ಮೊದಲು ಮುಗಿಸಿಬಿಡೋಣ. ಇದು ನಾಮಶೇಷ ವರ್ಗ. ಹೆಸರು ಉಳಿದಿದೆ, ಚಿತ್ರ ಕಾಣುವುದಿಲ್ಲ. ಕೆರ್ಟೇಸ್ ಒಬ್ಬನದೇ ಪಟ್ಟಿಯನ್ನು ತೆಗೆದರೆ ಒಂದು ಇಡೀ ಬೀದಿಯ ಸಂಸಾರಗಳು ಎದ್ದು ನಿಲ್ಲುತ್ತವೆ. 1913ರಲ್ಲಿ ‘ನನ್ನ ಗಂಡನಿಗೆ ಮದುವೆ’. 1914ರಲ್ಲಿ ‘ಮನೆಯುಡುಪಿನ ರಾಜಕುಮಾರಿ’, ಅದೇ ವರ್ಷ ‘ಎರವಲು ಶಿಶುಗಳು’. 1917ರಲ್ಲಿ ‘ಯಾರ ಮಗನೂ ಅಲ್ಲದವನು’. ಪಕ್ಕದ ಮನೆಯಲ್ಲಿ ಶಾಂದೋರ್ ಕೋರ್ಡಾ, ಮುಂದೆ ಲಂಡನ್ನಿನಲ್ಲಿ ಸರ್ ಅಲೆಕ್ಸಾಂಡರ್ ಕೋರ್ಡಾ ಆದವನು, 1916ರಲ್ಲಿ ‘ಎರಡೆದೆಯ ಗಂಡಸು’ ಮಾಡುತ್ತಿದ್ದ.

ಈ ವರ್ಗದ ವಿದ್ವಾಂಸನ ಸುಖ ಬೇರೆಯವರಿಗಿಲ್ಲ. ‘ನನ್ನ ಗಂಡನಿಗೆ ಮದುವೆ’ ಎಂಬ ಮಾತನ್ನು ಹೇಳಬಲ್ಲವಳು ಹೆಂಡತಿ ಮಾತ್ರ. ಅವಳು ಅಳುತ್ತ ಹೇಳಿದಳೇ, ನಗುತ್ತ ಹೇಳಿದಳೇ, ಅಥವಾ ಊರಿಗೆಲ್ಲ ಆಮಂತ್ರಣ ಕೊಡುವ ಉತ್ಸಾಹದಲ್ಲಿ ಹೇಳಿದಳೇ ಎಂಬುದರ ಮೇಲೆ ಅದು ಕರುಣರಸವೋ ಹಾಸ್ಯವೋ ಎಂದು ನಿರ್ಧಾರವಾಗಬೇಕು. ಅದು ದನಿಯ ಪ್ರಶ್ನೆ, ಚಿತ್ರವೋ ಮೂಕ. ಒಂದು ಪಕ್ಷ ಚಿತ್ರ ಸಿಕ್ಕರೂ ದನಿ ಸಿಗುವುದಿಲ್ಲ. ‘ಎರವಲು ಶಿಶುಗಳು’ ಇನ್ನೂ ಕ್ಲಿಷ್ಟ. ಒಂದು ಮಗುವನ್ನು ಎರವಲು ತರುವುದಕ್ಕೆ ಸಂಸಾರದಲ್ಲಿ ನೂರು ಕಾರಣ ಹುಡುಕಬಹುದು: ಆಸ್ತಿಗೆ ವಾರಸು ತೋರಿಸಲು, ಊರಿಂದ ಬರುವ ಮಾವನನ್ನು ನಂಬಿಸಲು. ಆದರೆ ಹೆಸರಿನಲ್ಲಿ ಬಹುವಚನವಿದೆ. ಒಂದಕ್ಕಿಂತ ಹೆಚ್ಚು ಶಿಶುಗಳನ್ನು ಎರವಲು ತಂದವರ ಉದ್ದೇಶ ಯಾವ ಶಾಸ್ತ್ರಕ್ಕೂ ನಿಲುಕುವುದಿಲ್ಲ. ವಾಪಸು ಕೊಟ್ಟರೋ ಇಲ್ಲವೋ ಎಂಬುದು ಮುಂದಿನ ಪ್ರಶ್ನೆ.

ಇಷ್ಟಕ್ಕೆ ಶಿಷ್ಯನೊಬ್ಬ ಎದ್ದು ನಿಂತು, ಗುರುಗಳೇ, ಗೃಹನಾಟಕವೆಂದರೆ ಏನೆಂದೇ ಹೇಳದೆ ವರ್ಗ ಮಾಡುತ್ತಿದ್ದೀರಲ್ಲ ಎಂದು ಆಕ್ಷೇಪಿಸಿದರೆ, ಆ ಆಕ್ಷೇಪ ನ್ಯಾಯವಾದದ್ದು. ಲಕ್ಷಣ ಹೇಳೋಣ.

ಮನೆಯೊಳಗೆ ನಡೆಯುವ ಕಥೆಯೇ ಗೃಹನಾಟಕ ಎಂಬುದು ಪೂರ್ವಪಕ್ಷ. ಇದಕ್ಕೆ ಅತಿವ್ಯಾಪ್ತಿ ದೋಷ ಬರುತ್ತದೆ. ಸೈತಾನನೂ ಕಳ್ಳನೂ ಪತ್ತೇದಾರನೂ ಆ ಕಾಲದ ಚಿತ್ರಗಳಲ್ಲಿ ಸೋಫಾದ ಮೇಲೆಯೇ ಕೂರುತ್ತಿದ್ದರು. ಅವ್ಯಾಪ್ತಿಯೂ ಬರುತ್ತದೆ, ಏಕೆಂದರೆ ಈ ನಾಟಕಗಳ ಅತಿ ಹೃದಯವಿದ್ರಾವಕ ಭಾಗಗಳು ನಡೆಯುವುದು ರಸ್ತೆಯಲ್ಲಿ, ಹೊಲದಲ್ಲಿ, ಠಾಣೆಯಲ್ಲಿ. ಅದು ಹಾಗಿರಲಿ, ಒಳಗೆ ಎಂಬುದಾದರೂ ಇತ್ತೇ? ಸಾಕಷ್ಟು ವಿದ್ಯುದ್ದೀಪ ಇಲ್ಲದೆ ಬಿಸಿಲನ್ನೇ ನಂಬಿದ್ದ ಆ ಕಾಲದ ಚಿತ್ರೀಕರಣದಲ್ಲಿ ಬಯಲಿನಲ್ಲೇ ಮೂರು ಗೋಡೆ ನಿಲ್ಲಿಸಿ ಕೋಣೆ ಎನ್ನುತ್ತಿದ್ದರು. ಮೇಲೆ ಸೂರಿಲ್ಲ, ಎದುರಿಗೆ ನಾಲ್ಕನೆಯ ಗೋಡೆಯಿಲ್ಲ. ಗಾಳಿ ಬೀಸಿದರೆ ಒಳಮನೆಯ ಪರದೆ ಪಟಪಟ ಹೊಡೆದುಕೊಳ್ಳುತ್ತಿತ್ತು, ಮೇಜಿನ ಬಟ್ಟೆ ಎದ್ದು ಕೂರುತ್ತಿತ್ತು. ಇಷ್ಟೆಲ್ಲದರಲ್ಲಿ ಗಟ್ಟಿಯಾಗಿ ನಿಂತದ್ದು ಬಾಗಿಲೊಂದೇ.

ಹಾಗಾಗಿ ಸಿದ್ಧಾಂತವಿದು: ಹೊಸ್ತಿಲನ್ನು ಯಾರು ದಾಟಬಹುದು, ಯಾರು ದಾಟಬಾರದು ಎಂಬ ವ್ಯಾಜ್ಯವೇ ಗೃಹನಾಟಕ. ನಾಟಕದಲ್ಲಿ ಇದನ್ನು ಎರಡು ಪುಟ ಮಾತಿನಲ್ಲಿ ಇತ್ಯರ್ಥ ಮಾಡುತ್ತಾರೆ. ಮೂಕಚಿತ್ರದಲ್ಲಿ ಮಾತಿಲ್ಲದ ಕಾರಣ ಬಾಗಿಲೇ ಮಾತಾಡಬೇಕು. ತೆರೆದರೆ ಹೌದು, ಮುಚ್ಚಿದರೆ ಇಲ್ಲ, ಸಂದಿಯಲ್ಲಿ ಮುಖ ಕಂಡರೆ ಅನುಮಾನ. ಈ ಕಾರಣಕ್ಕೆ ಹಂಗೇರಿಯ ಗೃಹನಾಟಕಗಳನ್ನು ಪಾತ್ರಗಳ ಗುಣದ ಮೇಲೋ ರಸದ ಮೇಲೋ ವಿಂಗಡಿಸುವುದು ಸಲ್ಲದು. ಬಾಗಿಲಿಗೆ ಬಂದದ್ದು ಏನು ಎಂಬುದರ ಮೇಲೆ ವಿಂಗಡಿಸಬೇಕು.

ಅತ್ಯುತ್ತಮ ಭೇದವೆಂದರೆ ಗಂಟುಹಸ್ತೆ, ಬಟ್ಟೆಯ ಗಂಟು ಹಿಡಿದು ಬಾಗಿಲಿಗೆ ಬಂದ ಹುಡುಗಿ. (ಅರಿಸಮಾಸವಾಯಿತು. ಕೇಶಿರಾಜ ಕ್ಷಮಿಸಬೇಕು, ‘ಪೋಟಲಿಕಾಹಸ್ತೆ’ ಎಂದರೆ ಹುಡುಗಿ ತಿರುಗಿ ಊರಿಗೇ ಹೋಗಿಬಿಡುತ್ತಾಳೆ.) ಈ ಭೇದ ಆಕಾಶದಿಂದ ಉದುರಿದ್ದಲ್ಲ. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಬುಡಾಪೆಸ್ಟ್ ಉಸಿರು ಬಿಡದೆ ಬೆಳೆಯಿತು. ನಡುವೆ ಅಂಗಳ, ಸುತ್ತ ಮಹಡಿ ಮಹಡಿಗೂ ಕಬ್ಬಿಣದ ಕಟಕಟೆಯ ಓಡಾಟದ ಜಾಗ, ಒಂದೊಂದು ಬಾಗಿಲಿಗೂ ಒಂದೊಂದು ಸಂಸಾರ: ನಮ್ಮಲ್ಲಿ ವಠಾರ ಎನ್ನುವುದನ್ನು ನಾಲ್ಕೈದು ಅಂತಸ್ತು ಎತ್ತರಿಸಿದರೆ ಅವರ ಬಾಡಿಗೆಮನೆ ಆಗುತ್ತದೆ. ಬಾಡಿಗೆಮನೆಗೊಬ್ಬ ಕಾವಲುಗಾರ. ರಾತ್ರಿ ಹತ್ತಕ್ಕೆ ಹೆಬ್ಬಾಗಿಲು ಹಾಕಿದ ಮೇಲೆ ಬಂದವರು ಬೀಗ ತೆಗೆಸಲು ಅವನ ಕೈಗೆ ಚಿಲ್ಲರೆ ಇಡಬೇಕಿತ್ತು. ಯಾರು ಎಷ್ಟು ಹೊತ್ತಿಗೆ ಬಂದರು, ಯಾರ ಜೊತೆ ಬಂದರು ಎಂಬ ವಠಾರದ ಇತಿಹಾಸವೆಲ್ಲ ಆ ಒಬ್ಬನ ಹತ್ತಿರ. ಹಳ್ಳಿಯಿಂದ ಈ ಮನೆಗಳಿಗೆ ಕೆಲಸಕ್ಕೆ ಬಂದ ಹುಡುಗಿಯರು ಅಡಿಗೆಮನೆಯಲ್ಲೋ ಅದರ ಪಕ್ಕದ ಇಕ್ಕಟ್ಟು ಕೋಣೆಯಲ್ಲೋ ಮಲಗುತ್ತಿದ್ದರು.

ಗಂಟಿನ ಜೊತೆ ಆ ಹುಡುಗಿಯ ಹತ್ತಿರ ಇನ್ನೊಂದು ವಸ್ತು ಇರುತ್ತಿತ್ತು. ಅದು ಸೇವಕರ ಪುಸ್ತಕ. ಯಜಮಾನರಿಗೂ ಆಳುಗಳಿಗೂ ಇರಬೇಕಾದ ಸಂಬಂಧವನ್ನು 1876ರ ಹದಿಮೂರನೆಯ ಕಾಯ್ದೆ ಗೊತ್ತುಪಡಿಸಿತ್ತು. ಪುಸ್ತಕವಿಲ್ಲದೆ ಕೆಲಸವಿಲ್ಲ. ಅದರಲ್ಲಿ ಹೆಸರು, ಹುಟ್ಟಿದ ಊರು, ಮೈಕಟ್ಟು, ಕೂದಲು, ಕಣ್ಣಿನ ಬಣ್ಣ. ಆಮೇಲಿನ ಪುಟಗಳಲ್ಲಿ ಯಜಮಾನರು ಬರೆಯುವ ನಡತೆಯ ಷರಾ. ಒಬ್ಬ ಯಜಮಾನಿ ಕೋಪದಲ್ಲಿ ಬರೆದ ಒಂದು ಸಾಲು ಮುಂದಿನ ಮನೆಗಳ ಬಾಗಿಲನ್ನೆಲ್ಲ ಮುಚ್ಚಬಲ್ಲದು. ನಾಯಿಕಾಭೇದವನ್ನು ಹಂಗೇರಿ ಸರ್ಕಾರ ಹೀಗೆ ಬಹಳ ಮೊದಲೇ ಮಾಡಿ ಮುಗಿಸಿತ್ತು, ರಟ್ಟಿನ ಹೊದಿಕೆ ಹಾಕಿ ಠಸ್ಸೆ ಒತ್ತಿ ಕೈಗೆ ಕೊಟ್ಟಿತ್ತು. ನಾನು ಈಗ ಮಾಡುತ್ತಿರುವುದು ಅದರ ಮೇಲಿನ ವ್ಯಾಖ್ಯಾನ ಮಾತ್ರ.

ಈ ಭೇದಕ್ಕೆ ಲಕ್ಷ್ಯ ‘ತೊಲೊಂತ್ಸ್’, ಗಡೀಪಾರಾದವಳು. ಕಸಬಿಲ್ಲ, ನೆಲೆಯಿಲ್ಲ, ನಡತೆ ಸರಿಯಿಲ್ಲ ಎಂದು ಪೊಲೀಸರು ಪಟ್ಟಣದಿಂದ ಹಿಡಿದು ಸ್ವಂತ ಊರಿಗೆ ದಬ್ಬಿ ಕಳಿಸುವ ವ್ಯವಸ್ಥೆಗೆ ಸಿಕ್ಕ ಹೆಣ್ಣಿನ ಕಥೆ. ಎದೆ ತೋತ್ ಎಂಬಾತ 1870ರ ದಶಕದಲ್ಲಿ ಬರೆದ ಜನಪ್ರಿಯ ನಾಟಕ ಅದು. ಆ ಜಾತಿಯ ನಾಟಕಗಳು ಹಾಡಿನ ಮೇಲೆಯೇ ನಿಲ್ಲುವಂಥವು. ಹಾಡನ್ನೆಲ್ಲ ತೆಗೆದು ಕೆರ್ಟೇಸ್ ಅದನ್ನು 1914ರ ಬೇಸಿಗೆಯಲ್ಲಿ, ಯುದ್ಧ ಬಾಗಿಲಿಗೆ ಬರುತ್ತಿದ್ದ ಹೊತ್ತಿನಲ್ಲಿ, ಟ್ರಾನ್ಸಿಲ್ವೇನಿಯದ ಕೊಲೊಝ್‌ವಾರ್ ಊರಿನ ಆಸುಪಾಸಿನಲ್ಲಿ ಚಿತ್ರೀಕರಿಸಿದ. ಮಾಡಿಸಿದವನು ಅಲ್ಲಿನ ರಾಷ್ಟ್ರೀಯ ರಂಗಮಂದಿರದ ಮುಖ್ಯಸ್ಥ ಯೆನೊ ಯಾನೋವಿಚ್. ಇವನು ಬೇಸಿಗೆಯಲ್ಲಿ ಕೈ ಖಾಲಿಯಿದ್ದ ನಟರನ್ನೂ ಊರಿನ ಹೊಲ ಬೆಟ್ಟಗಳನ್ನೂ ಸೇರಿಸಿ ಕೆಲವೇ ವರ್ಷಗಳಲ್ಲಿ ಹತ್ತಾರು ಚಿತ್ರ ಹೊರತಂದವನು.

ಕಥೆ ಹೀಗಿದೆ. ಬೆಟ್ಟಿ ಎಂಬ ಹಳ್ಳಿಯ ಹುಡುಗಿ. ತಂದೆಯೆಂದು ಅವಳು ತಿಳಿದವನು ಸಾಯುವಾಗ ನಿಜ ಹೇಳುತ್ತಾನೆ: ತಾನು ಅವಳ ತಂದೆಯಲ್ಲ, ಸಂಬಂಧಿ ಮಾತ್ರ; ತಾಯಿ ಬದುಕಿದ್ದಾಳೆ, ಗಂಡನನ್ನು ಕೊಂದ ಅಪರಾಧಕ್ಕೆ ಸೆರೆಯಲ್ಲಿದ್ದಾಳೆ. ಬೆಟ್ಟಿ ಕೆಲಸ ಹುಡುಕಿಕೊಂಡು ಪಟ್ಟಣಕ್ಕೆ ಹೋಗುತ್ತಾಳೆ, ಒಂದು ಮನೆಗೆ ಸೇರುತ್ತಾಳೆ, ಮನೆಯ ಮಗ ಅವಳನ್ನು ಮೆಚ್ಚುತ್ತಾನೆ. ಮುಂದೆ ಬರುವುದು ಕಳ್ಳತನದ ಆಪಾದನೆ. ಬಂದೇ ಬರಬೇಕು, ಗಂಟುಹಸ್ತಾ ಭೇದದ ಜೀವಲಕ್ಷಣ ಅದು. ಅವಳು ಗಡೀಪಾರು. ಅತ್ತ ತಾಯಿ ಸೆರೆಯಿಂದ ಬಿಡುಗಡೆಯಾಗಿ ಮಗಳನ್ನು ಹುಡುಕುತ್ತಾಳೆ.

ಬೆಟ್ಟಿಯಾಗಿ ಲಿಲಿ ಬೆರ್ಕಿ, ಮನೆಮಗನಾಗಿ ಮಿಹಾಯ್ ವಾರ್ಕೋನಿ. ತಾಯಿ ಮಾರಿ ಯಾಸಾಯ್. ಈ ಮೂರನೆಯವರ ಹತ್ತಿರ ಸ್ವಲ್ಪ ನಿಲ್ಲಬೇಕು. ಬುಡಾಪೆಸ್ಟಿನ ರಾಷ್ಟ್ರೀಯ ರಂಗಮಂದಿರದ ದೊಡ್ಡ ದುರಂತನಟಿ ಆಕೆ, ಆಗ ವಯಸ್ಸು ಅರವತ್ತು ದಾಟಿತ್ತು. ಕೊನೆಯ ಸಾಲಿನ ಪ್ರೇಕ್ಷಕನಿಗೂ ಕಾಣುವಂತೆ ದುಃಖಿಸಿ ಅಭ್ಯಾಸವಾದ ತೋಳುಗಳು. ಕ್ಯಾಮೆರಾ ಕೆಲವೇ ಮಾರು ದೂರದಲ್ಲಿದೆ ಎಂಬುದನ್ನು ಆ ತೋಳುಗಳು ಒಪ್ಪಿದಂತೆ ಕಾಣುವುದಿಲ್ಲ. ಪಕ್ಕದಲ್ಲಿ ಬೆರ್ಕಿಯ ಮುಖ ಸಣ್ಣಸಣ್ಣದಾಗಿ ಕದಲುತ್ತದೆ. ಒಂದೇ ಚೌಕಟ್ಟಿನಲ್ಲಿ ರಂಗಭೂಮಿ ತಾಯಿ, ಸಿನಿಮಾ ಮಗಳು. ಇಬ್ಬರಿಗೂ ರಕ್ತಸಂಬಂಧ ಇದೆಯೆಂದು ನಂಬುವುದಕ್ಕೆ ಸ್ವಲ್ಪ ಹೊತ್ತು ಬೇಕು. ನನ್ನ ಮಟ್ಟಿಗೆ ಯಾಸಾಯ್ ಆ ಚಿತ್ರದ ದೋಷವಲ್ಲ, ಅದರ ತೂಕ. ಇಷ್ಟು ವರ್ಷ ಸೆರೆಯಲ್ಲಿದ್ದವಳು ನೆರೆಹೊರೆಯವರಂತೆ ಕೈಯಾಡಿಸಬೇಕು ಎಂದರೆ ಹೇಗೆ?

ಸೆಗೆದ್ ಊರಿನ ಬೇಲಾ ಬಲಾಜ್ ಈ ವಿಷಯದಲ್ಲಿ ನಮಗೆ ಆಚಾರ್ಯಸ್ಥಾನದಲ್ಲಿರುವವನು. 1924ರಲ್ಲಿ ವಿಯೆನ್ನಾದಲ್ಲಿ ದೇಶಭ್ರಷ್ಟನಾಗಿದ್ದಾಗ ಪ್ರಕಟಿಸಿದ ಪುಸ್ತಕದಲ್ಲಿ ಅವನು, ಅಚ್ಚಿನ ಯಂತ್ರ ಬಂದ ಮೇಲೆ ಜನ ಮುಖ ಓದುವುದನ್ನು ಮರೆತರು, ಸಿನಿಮಾ ಮನುಷ್ಯನನ್ನು ಮತ್ತೆ ಕಣ್ಣಿಗೆ ಕಾಣಿಸುತ್ತದೆ ಎಂದು ವಾದಿಸಿದ. ವಾದ ಸೊಗಸಾಗಿದೆ. ಆದರೆ ಬೆಟ್ಟಿಯ ವಿಷಯದಲ್ಲಿ ಜನ ಅವಳ ಮುಖ ಓದಲಿಲ್ಲ, ಅವಳ ಪುಸ್ತಕ ಓದಿದರು. ಅದೇ ಅವಳ ಕಷ್ಟ.

ಈ ಚಿತ್ರವೂ ನಾಮಶೇಷ ವರ್ಗಕ್ಕೆ ಸೇರಿಹೋಗಿತ್ತು. 2008ರ ಸುಮಾರಿಗೆ ನ್ಯೂಯಾರ್ಕಿನಲ್ಲಿರುವ ಹಂಗೇರಿಯನ್ನರ ಸಂಸ್ಥೆಯೊಂದರ ನೆಲಮಾಳಿಗೆಯಲ್ಲಿ ಪ್ರತಿ ಸಿಕ್ಕಿತು. ಗಡೀಪಾರಾದವಳು ಸಮುದ್ರ ದಾಟಿ ಹೋಗಿ ಕತ್ತಲೆಯಲ್ಲಿ ಕೂತಿದ್ದಳು. ಹಂಗೇರಿಯವರು ಅವಳನ್ನು ಮನೆಗೆ ಕರೆಸಿಕೊಂಡು ಗಾಯಗಳನ್ನೆಲ್ಲ ರಿಪೇರಿ ಮಾಡಿಸಿ, ಹೊಸ ಸಂಗೀತ ಕಟ್ಟಿಸಿ ತೋರಿಸಿದರು. ಇನ್ನೊಂದು ಮಾತು. ಮೂವತ್ತು ವರ್ಷದ ಮೇಲೆ, 1945ರಲ್ಲಿ, ಇದೇ ಕೆರ್ಟೇಸ್ ಹಾಲಿವುಡ್ಡಿನಲ್ಲಿ ‘ಮಿಲ್ಡ್ರೆಡ್ ಪಿಯರ್ಸ್’ ಮಾಡಿದ. ಅಲ್ಲಿಯೂ ಒಬ್ಬ ತಾಯಿ, ಒಬ್ಬ ಮಗಳು, ಗುಂಡೇಟಿಗೆ ಸತ್ತ ಒಬ್ಬ ಗಂಡ, ತಪ್ಪನ್ನು ಮೈಮೇಲೆ ಹಾಕಿಕೊಳ್ಳಲು ಹೊರಟ ತಾಯಿ. ಭಾಷೆ ಬಂತು, ದನಿ ಬಂತು, ಸಂಬಳ ಬಂತು, ಭೇದ ಬದಲಾಗಲಿಲ್ಲ.

ಎರಡನೆಯದು ದ್ವಿಗೃಹಿ. ಇಲ್ಲಿ ಬಾಗಿಲಿಗೆ ಬರುವವನು ಮನೆಯ ಯಜಮಾನನೇ. ಆದರೆ ಬಾಗಿಲು ಎರಡು. ಲಕ್ಷ್ಯ ಕೋರ್ಡಾ 1918ರಲ್ಲಿ ಮಾಡಿದ ‘ಚಿನ್ನದ ಮನುಷ್ಯ’, ಮೋರ್ ಯೋಕಾಯ್ 1872ರಲ್ಲಿ ಹೊರತಂದ ಕಾದಂಬರಿಯ ಚಿತ್ರರೂಪ. ಪುಣ್ಯಕ್ಕೆ ಇದು ಉಳಿದಿದೆ. ಡ್ಯಾನ್ಯೂಬ್ ನದಿಯ ಹಡಗಿನ ಮೇಸ್ತ್ರಿ ತೀಮಾರ್ (ನಟ ಓಸ್ಕರ್ ಬೆರೆಗಿ) ಮುಳುಗಿದ ಹಡಗಿನಲ್ಲಿ ತುರ್ಕಿ ದೇಶಭ್ರಷ್ಟನೊಬ್ಬನ ನಿಧಿಯನ್ನು ಕಂಡು ಇಟ್ಟುಕೊಳ್ಳುತ್ತಾನೆ. ಆ ದೇಶಭ್ರಷ್ಟನ ಮಗಳು ತಿಮೇಯಾಳನ್ನೇ ಮದುವೆಯಾಗುತ್ತಾನೆ. ಅವಳದೇ ಹಣದಿಂದ ಅವಳಿಗೆ ಉಪಕಾರ ಮಾಡಿದ ಗಂಡ! ಅವಳು ಅವನಿಗೆ ಗೌರವ ಕೊಡುತ್ತಾಳೆ, ಮನಸ್ಸು ಕೊಡುವುದಿಲ್ಲ. ಕೊಮಾರೊಮ್ ಪಟ್ಟಣದ ಆ ದೊಡ್ಡ ಮನೆಯಲ್ಲಿ ಎಲ್ಲ ಇದೆ, ಹೆಂಡತಿಯ ಮುಖದಲ್ಲಿ ಏನೂ ಇಲ್ಲ. ಇತ್ತ ನದಿಯ ಕೆಳಪಾತ್ರದಲ್ಲಿ ಯಾವ ದೊರೆಯ ಲೆಕ್ಕಕ್ಕೂ ಸಿಗದ ಒಂದು ದ್ವೀಪ, ಅಲ್ಲಿ ಹಣ್ಣಿನ ಗಿಡಗಳು, ಗುಲಾಬಿ, ನೊಯೇಮಿ ಎಂಬ ಹುಡುಗಿ, ಅವಳ ತಾಯಿ. ದುಡ್ಡಿನ ಚಲಾವಣೆಯೇ ಇಲ್ಲದ ಮನೆ. ತೀಮಾರ್ ವರ್ಷವನ್ನು ಎರಡು ಮಾಡಿಕೊಂಡು ಅರ್ಧ ಅಲ್ಲಿ, ಅರ್ಧ ಇಲ್ಲಿ ಬದುಕುತ್ತಾನೆ.

ದ್ವಿಗೃಹಿಗೆ ಮೂಕಚಿತ್ರದಷ್ಟು ಅನುಕೂಲವಾದ ಮಾಧ್ಯಮ ಇನ್ನೊಂದಿಲ್ಲ. ಎಲ್ಲಿಗೆ ಹೋಗಿದ್ದಿರಿ ಎಂದು ಹೆಂಡತಿ ಕೇಳಿದರೆ ದನಿ ಕೇಳಿಸುವುದಿಲ್ಲ, ಅವನು ಉತ್ತರ ಹೇಳುವ ಗೊಡವೆಯಿಲ್ಲ. ಒಂದು ಕಡೆ ಫಿಲ್ಮನ್ನು ಕತ್ತರಿಸಿ ಅಂಟಿಸಿದರೆ ಕೊಮಾರೊಮ್‌ನಿಂದ ದ್ವೀಪಕ್ಕೆ ಬಂದಾಯಿತು. ಪಯಣದ ಖರ್ಚಿಲ್ಲ, ಕಾವಲುಗಾರನಿಗೆ ಚಿಲ್ಲರೆ ಕೊಡುವ ಹಾಗಿಲ್ಲ. ಎರಡು ಮನೆಗಳೂ ಒಂದೇ ಚೌಕಟ್ಟಿನಲ್ಲಿ ಎಂದೂ ಬರಬೇಕಾಗಿಲ್ಲ. ಸಂಕಲನಕಾರನ ಕತ್ತರಿ ದ್ವಿಗೃಹಿಯ ಆಪ್ತಮಿತ್ರ. ಇದನ್ನು ಬಿಡಿಸಲು ಯೋಕಾಯ್‌ಗೆ ಹಿಮವೇ ಬೇಕಾಯಿತು. ತೀಮಾರ್‌ನ ಗುಟ್ಟು ತಿಳಿದು ಅವನನ್ನು ಸುಲಿಯುವ ಖಳನೊಬ್ಬ ತೀಮಾರ್‌ನದೇ ಬಟ್ಟೆ ತೊಟ್ಟುಕೊಂಡು ಹೋಗುವಾಗ ಬಾಲಾಟನ್ ಸರೋವರದ ಮಂಜುಗಡ್ಡೆ ಬಿರಿದು ಮುಳುಗುತ್ತಾನೆ. ಹೆಣ ತೀಮಾರ್‌ನದೆಂದು ಊರು ನಂಬುತ್ತದೆ. ಗೃಹಸ್ಥ ಸತ್ತ, ಮನುಷ್ಯ ದ್ವೀಪಕ್ಕೆ ಹೋದ.

ಕಲ್ಪನೆಯಲ್ಲಿ ಇಷ್ಟು ಸುತ್ತು ಬಳಸಿದ ಈ ಜನಕ್ಕೆ ವ್ಯವಹಾರದಲ್ಲಿ ಹತ್ತಿರದ ದಾರಿಯೊಂದಿತ್ತು. ಕಡ್ಡಾಯ ಸಿವಿಲ್ ಮದುವೆಯ ಕಾಯ್ದೆ 1894ರಲ್ಲಿ ಬಂದು ಮರುವರ್ಷ ಅಕ್ಟೋಬರಿನಿಂದ ಜಾರಿಯಾಗುವ ಮುಂಚೆ, ಕ್ಯಾಥೊಲಿಕ್ಕರಿಗೆ ವಿಚ್ಛೇದನ ಎಂಬುದೇ ಇರಲಿಲ್ಲ. ಬೇಕಾದವರು ಟ್ರಾನ್ಸಿಲ್ವೇನಿಯಕ್ಕೆ ಹೋಗಿ ಯುನಿಟೇರಿಯನ್ ಮತಕ್ಕೆ ಸೇರಿ ಅಲ್ಲಿ ಬಿಡುಗಡೆ ಪಡೆಯುತ್ತಿದ್ದರು. ಆಸ್ಟ್ರಿಯದಿಂದಲೂ ಜನ ಬರುತ್ತಿದ್ದರು. ಈ ಯಾತ್ರೆಯ ಮುಖ್ಯ ಕ್ಷೇತ್ರ ಯಾವುದು? ಕೊಲೊಝ್‌ವಾರ್. ಮುರಿದ ಮನೆಗಳ ಊರೇ ಮನೆಮುರುಕ ಚಿತ್ರಗಳ ಊರೂ ಆಯಿತು. ಕಾರ್ಯಕಾರಣ ಸಂಬಂಧ ಇದೆಯೆಂದು ನಾನು ಹೇಳುತ್ತಿಲ್ಲ. ಶಾಸ್ತ್ರಕ್ಕೆ ಶೋಭೆ ಮಾತ್ರ.

ಉಳಿದ ಭೇದಗಳನ್ನು ಬೇಗ ಮುಗಿಸಬಹುದು. ಬಾಗಿಲಿಗೆ ಅಜ್ಜಿ ಬಂದರೆ ಪಿತಾಮಹೀ ಭೇದ. ಕೋರ್ಡಾ 1916ರಲ್ಲಿ ಮಾಡಿದ ‘ಅಜ್ಜಿ’ ಇದಕ್ಕೆ ಲಕ್ಷ್ಯ. ನಟಿಸಿದವಳು ಇಡೀ ದೇಶ ಕೋಗಿಲೆ ಎಂದು ಕರೆಯುತ್ತಿದ್ದ ಗಾಯಕಿ ಲುಯ್ಜಾ ಬ್ಲಾಹಾ. ಕೋಗಿಲೆಯನ್ನು ಮೂಕಚಿತ್ರಕ್ಕೆ ಹಾಕಿಕೊಂಡವರ ಬುದ್ಧಿವಂತಿಕೆಗೆ ಟೀಕೆ ಬೇಡ. ಬಾಗಿಲು ಮನೆಯದಲ್ಲದೆ ಆಫೀಸಿನದಾಗಿ, ಒಳಗೆ ಬೆರಳಚ್ಚಿನ ಹುಡುಗಿ ಕೂತಿದ್ದರೆ ಅದು ಯಂತ್ರಲೇಖಿನಿ. ಕೋರ್ಡಾನದೇ ‘ಟೈಪ್‌ರೈಟರ್ ಕಥೆಗಳು’, ಅದೇ ವರ್ಷದ್ದು, ಮತ್ತೆ ಲಿಲಿ ಬೆರ್ಕಿ. ಇದನ್ನು ಗಂಟುಹಸ್ತೆಯ ಉಪಭೇದ ಎನ್ನಬಹುದು, ಗಂಟಿನ ಬದಲು ಕೈಚೀಲ.

ಉಭಯಚರವೆಂದು ಒಂದಿದೆ, ಅದು ಹಂಗೇರಿಯವರಿಗೆ ತುಂಬಾ ಪ್ರಿಯವಾಗಿದ್ದದ್ದು: ಅರ್ಧ ಸಿನಿಮಾ, ಅರ್ಧ ನಾಟಕ. ಪರದೆಯ ಮೇಲೆ ಓಡಿಬರುವ ನಾಯಕ ಬಾಗಿಲು ತಳ್ಳುತ್ತಾನೆ, ಪರದೆ ಮೇಲೇಳುತ್ತದೆ, ಅದೇ ನಟ ಅದೇ ಉಡುಪಿನಲ್ಲಿ ಏದುಸಿರು ಬಿಡುತ್ತ ರಂಗದ ಮೇಲೆ ನಿಂತು ಹೆಂಡತಿಯ ಜೊತೆ ಜಗಳ ಆರಂಭಿಸುತ್ತಾನೆ. ಓಟ ಸಿನಿಮಾಕ್ಕೆ, ಜಗಳ ರಂಗಕ್ಕೆ. ಸಂಸಾರಕ್ಕೆ ಮಾತು ಬೇಕೇಬೇಕು ಎಂಬ ನನ್ನ ಮೊದಲ ಸೂತ್ರವನ್ನು ಅಲ್ಲಿನ ಪ್ರೇಕ್ಷಕರು ಟಿಕೆಟ್ಟು ಕೊಂಡು ಅನುಮೋದಿಸಿದ್ದರು.

ಕೊನೆಯ ಭೇದ ಸೋದರಾಗಮ. ಯುದ್ಧದಲ್ಲಿ ಹೊರದೇಶದ ಚಿತ್ರಗಳು ಬರುವುದು ನಿಂತು ಹಂಗೇರಿಯ ಉದ್ಯಮ ಉಬ್ಬಿತ್ತು. 1918ರಲ್ಲಿ ನೂರರ ಆಸುಪಾಸು ಚಿತ್ರಗಳಾದವು. 1919ರ ಮಾರ್ಚ್ 21ರಂದು ಕಮ್ಯುನಿಸ್ಟರ ಕೌನ್ಸಿಲ್ ಗಣರಾಜ್ಯ ಬಂತು, 133 ದಿನ ಇತ್ತು. ಅಷ್ಟರಲ್ಲೇ ಇಡೀ ಚಿತ್ರೋದ್ಯಮವನ್ನು ರಾಷ್ಟ್ರೀಕರಿಸಿದರು, ರಷ್ಯಾದವರಿಗಿಂತ ಮೊದಲೇ. ಆಗ ಕೆರ್ಟೇಸ್ ಮಾಡಿದ ಪುಟ್ಟ ಚಿತ್ರ ‘ನನ್ನ ತಮ್ಮ ಬರುತ್ತಿದ್ದಾನೆ’. ಯುದ್ಧಕ್ಕೆ ಹೋದ ತಮ್ಮ ಕ್ರಾಂತಿಕಾರಿಯಾಗಿ ಮನೆಗೆ ಬರುತ್ತಾನೆ. ಪ್ರಚಾರಚಿತ್ರ, ಹತ್ತು ನಿಮಿಷದ ಆಚೀಚೆ. ಅದರಲ್ಲಿ ಕೆರ್ಟೇಸನ ಹೆಂಡತಿ ಲೂಸಿ ಡೋರೈನ್ ನಟಿಸಿದ್ದಾಳೆ. ಲೋಕಕ್ಕೆಲ್ಲ ಕ್ರಾಂತಿ ಬಂದದ್ದನ್ನು ತೋರಿಸಲೂ ಇವರಿಗೆ ಒಂದು ಮನೆ, ಒಂದು ಬಾಗಿಲು, ಬಂದವನ ಕೊರಳಿಗೆ ಬೀಳುವ ಒಂದು ಸಂಸಾರ ಬೇಕಾಯಿತು ಎಂಬುದೇ ನನ್ನ ಸಿದ್ಧಾಂತಕ್ಕೆ ಸಾಕ್ಷಿ. ಕೆಂಪು ಬಾವುಟ ಹಿಡಿದವನೂ ಬಾಗಿಲು ತಟ್ಟಿಯೇ ಒಳಬರಬೇಕು.

ಬಂದಷ್ಟೇ ಬೇಗ ಆ ಸರ್ಕಾರ ಹೋಯಿತು. ಕೆರ್ಟೇಸ್ ವಿಯೆನ್ನಾಕ್ಕೆ ಹೋದ. ಕೋರ್ಡಾ ಬಂಧನವಾಗಿ, ಬಿಡುಗಡೆಯಾಗಿ, ನಟಿ ಹೆಂಡತಿಯೊಡನೆ ದೇಶ ಬಿಟ್ಟ. ಕೊಲೊಝ್‌ವಾರ್ 1920ರ ಒಪ್ಪಂದದಲ್ಲಿ ರುಮೇನಿಯಕ್ಕೆ ಸೇರಿ ಕ್ಲುಜ್ ಆಯಿತು. ಯಾನೋವಿಚ್ ಅಲ್ಲೇ ಉಳಿದ. ಉಳಿದವರೆಲ್ಲ ಮನೆ ಬಿಟ್ಟು ಹೊಸ್ತಿಲು ದಾಟಿದರೆ, ಅವನ ವಿಷಯದಲ್ಲಿ ಮನೆ ಇದ್ದಲ್ಲೇ ಇದ್ದು ಹೊಸ್ತಿಲೇ ಜರುಗಿತು. ಈ ಭೇದಕ್ಕೆ ಹೆಸರಿಡಲು ನನಗೆ ಧೈರ್ಯವಿಲ್ಲ.

ಪರಿಶಿಷ್ಟದಲ್ಲಿ ಕನ್ನಡನಾಡಿನ ಸಂಬಂಧ ಹೇಳಬೇಕು. 1930ರ ದಶಕದಲ್ಲಿ ಲಂಡನ್ನಿನ ದೊಡ್ಡ ನಿರ್ಮಾಪಕನಾಗಿದ್ದ ಕೋರ್ಡಾ, ಕಿಪ್ಲಿಂಗನ ಆನೆಯ ಕಥೆ ತೆಗೆಯಲು ರಾಬರ್ಟ್ ಫ್ಲಾಹರ್ಟಿಯನ್ನು ಮೈಸೂರಿಗೆ ಕಳಿಸಿದ. ಹೆಗ್ಗಡದೇವನಕೋಟೆ ಕಡೆಯ ಕಾರಾಪುರದ ಮಾವುತನ ಮಗ, ತಬ್ಬಲಿ ಹುಡುಗ ಸಾಬು ಸಿಕ್ಕಿದ್ದು ಆಗ. ಮುಂದೆ ಅವನನ್ನು ಇಂಗ್ಲೆಂಡಿಗೆ ಕರೆಸಿಕೊಂಡು, ಉಳಿದ ಭಾಗವನ್ನು ಅಲ್ಲಿನ ಸ್ಟುಡಿಯೊದಲ್ಲಿ ಕೋರ್ಡಾನ ತಮ್ಮ ಜೋಲ್ತಾನ್ ತೆಗೆದು ಮುಗಿಸಿದ. 1937ರಲ್ಲಿ ‘ಎಲಿಫೆಂಟ್ ಬಾಯ್’ ಬಂತು, ವೆನಿಸ್‌ನಲ್ಲಿ ನಿರ್ದೇಶನಕ್ಕೆ ಬಹುಮಾನ ಪಡೆಯಿತು. ಊರಿಂದ ಬಂದ ಹುಡುಗ, ಪಟ್ಟಣದ ದೊಡ್ಡ ಬಾಗಿಲು: ಗಂಟುಹಸ್ತಾ ಭೇದಕ್ಕೆ ಪುಲ್ಲಿಂಗವೂ ಉಂಟು, ಅದು ನಮ್ಮ ಕಾಕನಕೋಟೆಯ ಕಾಡಿನ ಅಂಚಿನಲ್ಲೇ ಹುಟ್ಟಿದೆ.

ಇನ್ನು ಓದುಗರಲ್ಲಿ ಒಂದು ಬಿನ್ನಹ, ಹೊರದೇಶಗಳಲ್ಲಿರುವವರಲ್ಲಿ ವಿಶೇಷವಾಗಿ. ಕೊಂಡ ಹಳೆಯ ಮನೆಯ ನೆಲಮಾಳಿಗೆಯಲ್ಲೋ ಅಟ್ಟದಲ್ಲೋ ತುಕ್ಕು ಹಿಡಿದ ದುಂಡನೆಯ ತಗಡಿನ ಡಬ್ಬಿಗಳು ಸಿಕ್ಕರೆ ಗುಜರಿಗೆ ಹಾಕಬೇಡಿ. 1950ರ ದಶಕದ ಆರಂಭಕ್ಕಿಂತ ಹಿಂದಿನ 35 ಮಿಲಿಮೀಟರ್ ಫಿಲ್ಮು ಸಾಮಾನ್ಯವಾಗಿ ನೈಟ್ರೇಟೇ ಆಗಿರುತ್ತದೆ. ಒಮ್ಮೆ ಹೊತ್ತಿಕೊಂಡರೆ ನೀರು ಸುರಿದರೂ ಆರುವುದಿಲ್ಲ. ಬಿಸಿಲಿಗೆ ಇಡಬೇಡಿ, ಪ್ರೊಜೆಕ್ಟರ್‌ಗೆ ಹಾಕಿ ನೋಡಬೇಡಿ, ಅಂಚೆಯಲ್ಲಿ ಕಳಿಸಬೇಡಿ. ತಂಪಾದ ಜಾಗದಲ್ಲಿ ಬಿಟ್ಟು ಹತ್ತಿರದ ಫಿಲ್ಮ್ ಆರ್ಕೈವ್‌ಗೆ ಫೋನ್ ಮಾಡಿ. ಭಾರತದಲ್ಲಿ ಅದು ಪುಣೆಯಲ್ಲಿದೆ. ಒಳಗೆ ‘ಎರವಲು ಶಿಶುಗಳು’ ಇದ್ದರೆ ದಯವಿಟ್ಟು ನನಗೂ ಒಂದು ಮಾತು ತಿಳಿಸಿ.